ಯಾವ ಮಾತಿಗೆ ಯಾವ ಬಣ್ಣ

ಹೂಬಳ್ಳಿಯ ಚಿತ್ತಾರವಿದ್ದ ಬಟ್ಟೆಚೀಲದಲ್ಲಿ ಸುತ್ತಿಟ್ಟ ಒಂದು ಹಾರ್ಡ್ ಡಿಸ್ಕ್ ನನ್ನ ಕೈಗೆ ಬಂತು. ಅದರೊಳಗೆ 61 ಗಂಟೆಗಳ ಚಿತ್ರೀಕರಣವಿತ್ತು. ಕೊಟ್ಟವರು ಜರ್ಮನಿಯ ಕಲೋನ್ ನಗರದಲ್ಲಿ ನೆಲೆಸಿರುವ ಕುರ್ದ್ ನಿರ್ದೇಶಕಿ. ಊರಿನಲ್ಲಿ ಇನ್ನೂ ಬಂಧುಗಳಿರುವುದರಿಂದ ತಮ್ಮ ಹೆಸರು ಬರೆಯಬೇಡ ಎಂದು ಕೇಳಿಕೊಂಡಿದ್ದಾರೆ. ನಾನು ಅವರನ್ನು ಅಕ್ಕ ಎಂದೇ ಕರೆಯುವುದರಿಂದ ಇಲ್ಲಿಯೂ ಹಾಗೆಯೇ ಬರೆಯುತ್ತೇನೆ. ಅಕ್ಕನಿಗೆ ನಿರ್ಮಾಪಕರಿಲ್ಲ. ಹಗಲು ಆಸ್ಪತ್ರೆ, ನ್ಯಾಯಾಲಯಗಳಲ್ಲಿ ದುಭಾಷಿಯಾಗಿ ದುಡಿದು, ಆ ದುಡ್ಡಿನಲ್ಲಿ ಸಿನಿಮಾ ಮಾಡುತ್ತಾರೆ. ಕ್ಯಾಮೆರಾ ಯಾರೋ ಬಳಸಿ ಬಿಟ್ಟದ್ದು.

“ನನ್ನ ತಾಯಿಯ ಬಗ್ಗೆ ಒಂದು ಸಾಕ್ಷ್ಯಚಿತ್ರ. ಸಬ್‌ಟೈಟಲ್ ಕೂಡಿಸಿಕೊಡು, 6 ವಾರದ ಕೆಲಸ” ಎಂದರು. 14 ತಿಂಗಳು ಹಿಡಿಯಿತು.

ನಾನು ವಿಜಯಪುರ ಜಿಲ್ಲೆಯ ಒಂದು ಲಂಬಾಣಿ ತಾಂಡಾದವಳು. ಮನೆಯಲ್ಲಿ ಗೋರ್‌ಬೋಲಿ, ಶಾಲೆಯಲ್ಲಿ ಕನ್ನಡ. ತಾಂಡಾದಲ್ಲಿ ನನಗೊಂದು ಹೆಸರು, ಶಾಲೆಯ ದಾಖಲೆಯಲ್ಲಿ ಮೇಷ್ಟ್ರು ಬರೆಸಿದ ಇನ್ನೊಂದು ಹೆಸರು. ಸಂಕಲನ ಕಲಿಯಲು ಜರ್ಮನಿಗೆ ಬಂದವಳು ಇಲ್ಲಿಯೇ ಸಂಕಲನ ಸಹಾಯಕಿಯಾಗಿ ಕೆಲಸ ಹಿಡಿದೆ. ಆ ಚೀಲ ಕೈಗೆ ಬರುವವರೆಗೆ ಕುರ್ದಿಶ್ ಭಾಷೆಯ ಒಂದು ಪದವೂ ನನಗೆ ಗೊತ್ತಿರಲಿಲ್ಲ. ಕುರ್ದರೆಂದರೆ ಟರ್ಕಿ, ಇರಾನ್, ಇರಾಕ್, ಸಿರಿಯಾಗಳಲ್ಲಿ ಹಂಚಿಹೋದ, ತಮ್ಮದೇ ದೇಶವಿಲ್ಲದ ಜನ ಎಂಬುದಷ್ಟೇ ಓದಿ ತಿಳಿದಿದ್ದ ಸಂಗತಿ. 1920ರ ಸೆವ್ರ್ ಒಪ್ಪಂದದ ಕಾಗದದಲ್ಲಿ ಅವರಿಗೊಂದು ನೆಲದ ಮಾತಿತ್ತು. 1923ರ ಲೊಸಾನ್ ಒಪ್ಪಂದದಲ್ಲಿ ಆ ಮಾತೇ ಇರಲಿಲ್ಲ.

ಮೊದಲ ಕೆಲಸ, ಆಡಿದ್ದನ್ನೆಲ್ಲ ಬರೆದಿಟ್ಟುಕೊಳ್ಳುವುದು. ಅಕ್ಕ ಪಕ್ಕದಲ್ಲಿ ಕೂತು ಹೇಳುತ್ತಿದ್ದರು, ನಾನು ಟೈಪ್ ಮಾಡುತ್ತಿದ್ದೆ. ಟರ್ಕಿಯ ಕುರ್ದರಲ್ಲಿ ಹೆಚ್ಚಿನವರು ಆಡುವ ಕುರ್ಮಾಂಜಿಗೆ ಈಗ ಲ್ಯಾಟಿನ್ ಲಿಪಿ. ಜಲಾದತ್ ಬೆದಿರ್‌ಖಾನ್ 1932ರಲ್ಲಿ ಡಮಾಸ್ಕಸ್‌ನಲ್ಲಿ ‘ಹಾವಾರ್’ ಪತ್ರಿಕೆ ಹೊರಡಿಸಿ ರೂಢಿಗೆ ತಂದ ಅಕ್ಷರಮಾಲೆ ಅದು. ಇರಾಕ್, ಇರಾನ್ ಕಡೆಯ ಸೊರಾನಿಯನ್ನು ಅರಬ್ಬಿ ಮೂಲದ ಲಿಪಿಯಲ್ಲಿ ಬರೆಯುತ್ತಾರೆ. ಸೋವಿಯತ್ ನೆಲದ ಕುರ್ದರು ಸಿರಿಲಿಕ್‌ನಲ್ಲಿ ಬರೆದರು. ಅಕ್ಕ ಇದನ್ನು ಹೇಳುವಾಗ ನಾನು ಕೀಲಿಮಣೆಯಿಂದ ಕೈ ತೆಗೆದುಬಿಟ್ಟೆ. ನಮ್ಮ ಗೋರ್‌ಬೋಲಿಯನ್ನೂ ಕರ್ನಾಟಕದಲ್ಲಿ ಕನ್ನಡದಲ್ಲಿ, ತೆಲಂಗಾಣದಲ್ಲಿ ತೆಲುಗಿನಲ್ಲಿ, ಮಹಾರಾಷ್ಟ್ರದಲ್ಲಿ ದೇವನಾಗರಿಯಲ್ಲಿ ಬರೆಯುತ್ತಾರೆ. ಸೊಲ್ಲಾಪುರದಲ್ಲಿರುವ ನನ್ನ ಚಿಕ್ಕಮ್ಮನ ಮಗಳು ಬರೆದದ್ದನ್ನು ನಮ್ಮ ತಾಂಡಾದ ಹುಡುಗರು ತಡವರಿಸದೆ ಓದಲಾರರು. ಮಾತು ಒಂದೇ.

ಟರ್ಕಿಯ ಅಕ್ಷರಮಾಲೆಯಲ್ಲಿ ಇಲ್ಲದ ಕೆಲವು ಅಕ್ಷರಗಳು ಕುರ್ದಿಶ್‌ನಲ್ಲಿವೆ: ಕ್ಯೂ, ಡಬ್ಲ್ಯೂ, ಎಕ್ಸ್ ಮುಂತಾದವು. 2013ರವರೆಗೆ ಅಲ್ಲಿನ ಸರ್ಕಾರಿ ದಾಖಲೆಗಳಲ್ಲಿ ಈ ಅಕ್ಷರಗಳಿಗೆ ಜಾಗವಿರಲಿಲ್ಲ. ಅಕ್ಕನ ಅಣ್ಣನ ಹೆಸರು ವೆಲಾತ್, ಅಂದರೆ ತಾಯ್ನೆಲ. ಡಬ್ಲ್ಯೂ ಬದಲಿಗೆ ವಿ ಹಾಕಿ ಬರೆಸಿದ್ದರಿಂದ ಗುರುತಿನ ಚೀಟಿ ಸಿಕ್ಕಿತು. ಚಿತ್ರದಲ್ಲಿ ಅವನ ಹೆಸರು ಬಂದಾಗಲೆಲ್ಲ ಅಕ್ಕ ನನ್ನ ಬೆರಳುಗಳನ್ನೇ ನೋಡುತ್ತಿದ್ದರು, ನಾನು ಎಲ್ಲಿ ವಿ ಒತ್ತಿಬಿಡುತ್ತೇನೋ ಎಂದು.

ಅಕ್ಕನ ತಾಯಿಯನ್ನು ನಾನು ದಾಯೇ ಎನ್ನುತ್ತೇನೆ. ಕುರ್ಮಾಂಜಿಯಲ್ಲಿ ಅಮ್ಮಾ ಎಂದು ಕೂಗಿ ಕರೆಯುವ ಪದ ಅದು. ನನ್ನನ್ನು ಅವರು ‘ಕೆಚಾ ಮಿನ್’, ನನ್ನ ಮಗಳೇ, ಎನ್ನುತ್ತಾರೆ. ಓದುಬರಹ ಬಾರದು. ದಿಯಾರ್‌ಬಕೀರ್ ಸೀಮೆಯ ಹಳ್ಳಿಯವರು. ಆ ನಗರಕ್ಕೆ ಕುರ್ದರ ಬಾಯಲ್ಲಿ ಆಮೆದ್ ಎಂದೇ ಹೆಸರು. 1993ರಲ್ಲಿ, ಅಕ್ಕನಿಗೆ 9 ವರ್ಷವಿದ್ದಾಗ, ಸೈನಿಕರು ಬಂದು ಊರು ಖಾಲಿ ಮಾಡಿಸಿದರು. ಸೇನೆಗೂ ಕುರ್ದ್ ಸಂಘಟನೆ ಪಿಕೆಕೆಯ ಬಂಡುಕೋರರಿಗೂ ಯುದ್ಧ ನಡೆಯುತ್ತಿದ್ದ ವರ್ಷಗಳವು. ಟರ್ಕಿಯ ಸಂಸತ್ತೇ ನೇಮಿಸಿದ ಸಮಿತಿ 1998ರಲ್ಲಿ ಕೊಟ್ಟ ಲೆಕ್ಕದಂತೆ ಹೀಗೆ ಖಾಲಿಯಾದ ಹಳ್ಳಿಗಳೂ ಕೊಪ್ಪಲುಗಳೂ ಸೇರಿ 3,428, ಊರು ಬಿಟ್ಟವರು 3,78,335. ಕುರ್ದ್ ಸಂಘಟನೆಗಳ ಲೆಕ್ಕ ಇದಕ್ಕಿಂತ ಬಹಳ ದೊಡ್ಡದು.

ಆ ದಿನದ ಕಥೆಯನ್ನು ದಾಯೇ ಚಿತ್ರದಲ್ಲಿ ಬೀನ್ಸ್ ಬಿಡಿಸುತ್ತ ಹೇಳುತ್ತಾರೆ. “ಗುಂದೇ ಮೆ” ಎಂದು ನಿಲ್ಲಿಸುತ್ತಾರೆ. ಒಂದು ಬೀನ್ಸಿನ ನಾರು ತೆಗೆದು, ಮುರಿದು, ಪಾತ್ರೆಗೆ ಹಾಕುತ್ತಾರೆ. ಆಮೇಲೆ “ಶೆವಿತಾಂದಿನ್” ಎನ್ನುತ್ತಾರೆ. ನಮ್ಮ ಊರನ್ನು, ಸುಟ್ಟರು. ನಡುವೆ 4 ಸೆಕೆಂಡು, ಅಂದರೆ 100 ಫ್ರೇಮ್. ಇಂಗ್ಲಿಷಿನಲ್ಲಿ ಮಾಡಿದ ಮೊದಲ ಅನುವಾದದಲ್ಲಿ ‘ಸುಟ್ಟರು’ ಮೊದಲು ಬಂದು ‘ಊರು’ ಕೊನೆಗೆ ಬಿದ್ದಿತ್ತು. ದಾಯೇ ಇನ್ನೂ ಬಾಯಿ ತೆರೆಯುವ ಮೊದಲೇ ಪರದೆಯ ಕೆಳಗೆ ಊರು ಸುಟ್ಟುಹೋಗಿರುತ್ತಿತ್ತು. ಎರಡು ದಿನ ಆ ಒಂದು ಸಾಲಿನ ಹತ್ತಿರವೇ ಕೂತೆವು. ನಾನು ನೋಟ್‌ಪುಸ್ತಕದ ಅಂಚಿನಲ್ಲಿ ಕನ್ನಡದಲ್ಲಿ ಬರೆದುಕೊಂಡು ನೋಡಿದರೆ ಪದಗಳು ಅವರ ಉಸಿರಿನ ಜೊತೆಗೇ ಬಂದು ಕೂತವು. ಕುರ್ಮಾಂಜಿಯಲ್ಲಿಯೂ ಕನ್ನಡದ ಹಾಗೆ ಕ್ರಿಯಾಪದ ಕೊನೆಗೆ ಬರುತ್ತದೆ. ಅದನ್ನು ಅಕ್ಕನಿಗೆ ವಿವರಿಸಿದೆ. ಕೊನೆಗೆ ಇಂಗ್ಲಿಷನ್ನೂ ಜರ್ಮನ್ನನ್ನೂ ಎರಡು ತುಂಡು ಮಾಡಿದೆವು: ‘ನಮ್ಮ ಊರು’ ಒಂದು ಸಾಲು, ಖಾಲಿ ಪರದೆ, ಆಮೇಲೆ ‘ಸುಟ್ಟರು’ ಇನ್ನೊಂದು. ಅಂದಿನಿಂದ ನಾನು ಪ್ರತಿಯೊಂದು ಸಾಲನ್ನೂ ಮೊದಲು ಕನ್ನಡದಲ್ಲಿ ಬರೆದು, ಅದರ ತೂಕ ನೋಡಿ, ನಂತರವೇ ಸಮಯ ಗುರುತು ಹಾಕತೊಡಗಿದೆ. ಒಂದು ಸಾಲಿಗೆ ಹೆಚ್ಚೆಂದರೆ 42 ಅಕ್ಷರ, ಒಮ್ಮೆಗೆ ಎರಡೇ ಸಾಲು ಎಂಬ ಲೆಕ್ಕದೊಳಗೆ ಒಬ್ಬರ ಬದುಕನ್ನು ಕೂಡಿಸಬೇಕಾದಾಗ ಇಂಥ ಆಸರೆ ಬೇಕಾಗುತ್ತದೆ.

ದಾಯೇ ಹಾಡುವಾಗ ಮತ್ತೆ ಮತ್ತೆ ಬರುವ ಒಂದು ಪದ ಖೆರೀಬ. ಅರಬ್ಬಿ ಮೂಲದ ಈ ಪದ ನಮ್ಮ ಕಡೆ ಗರೀಬ ಆಗಿ ಬಂದು ಬಡವ ಎಂಬ ಅರ್ಥದಲ್ಲಿ ನಿಂತುಬಿಟ್ಟಿದೆ. ಕುರ್ದಿಶ್‌ನಲ್ಲಿ ಖೆರೀಬ ಎಂದರೆ ತನ್ನವರಿಂದ ದೂರವಾಗಿ ಯಾರದೋ ಊರಿನಲ್ಲಿ ಉಳಿದವನು. ಇಂಗ್ಲಿಷಿನ ಪದಗಳೆಲ್ಲ ರಾಜಕೀಯ ವರದಿಯ ಹಾಗೆ ಕೇಳಿಸುತ್ತಿದ್ದವು. ಕನ್ನಡದಲ್ಲಿ ನನಗೆ ತಡವಾಗಲೇ ಇಲ್ಲ. ‘ಪರದೇಶಿ’ ಎಂದು ಬರೆದೆ. ನಮ್ಮಲ್ಲಿ ಬೇರೆ ದೇಶದವನೂ ಪರದೇಶಿಯೇ, ಹೇಳುವವರು ಕೇಳುವವರು ಯಾರೂ ಇಲ್ಲದವನೂ ಪರದೇಶಿಯೇ. ಅಕ್ಕ ಆ ಪದವನ್ನು ನನ್ನಿಂದ ಮೂರು ಸಲ ಹೇಳಿಸಿಕೊಂಡು ತಮ್ಮ ಲಿಪಿಯಲ್ಲಿ ಬರೆದಿಟ್ಟುಕೊಂಡರು.

ಇನ್ನೊಂದು ಪದ ಖೆಬೆರ್. ಅರ್ಮೇನಿಯಾದ ಯೆರೆವಾನ್ ರೇಡಿಯೊ 1955ರಿಂದ ಕುರ್ದಿಶ್ ಕಾರ್ಯಕ್ರಮ ಬಿತ್ತರಿಸುತ್ತಿತ್ತು. ಗಡಿಯ ಈಚೆಗೆ ಟರ್ಕಿಯ ಹಳ್ಳಿಗಳಲ್ಲಿ ಬಾಗಿಲು ಹಾಕಿಕೊಂಡು ಅದನ್ನು ಕೇಳುತ್ತಿದ್ದರು. “ಎರೆವಾನ್ ಖೆಬೆರ್ ದಿದೆ” ಎಂಬ ಆರಂಭದ ಮಾತನ್ನು ದಾಯೇ ಈಗಲೂ ಆ ಉದ್ಘೋಷಕರ ದನಿಯಲ್ಲೇ ಹೇಳಿ ತೋರಿಸುತ್ತಾರೆ. ಪದಕ್ಕೆ ಪದ ಇಟ್ಟರೆ ಯೆರೆವಾನ್ ಖಬರು ಕೊಡುತ್ತಿದೆ, ಅಂದರೆ ಯೆರೆವಾನ್ ಮಾತಾಡುತ್ತಿದೆ! ವಿಜಯಪುರದವಳಿಗೆ ಇದಕ್ಕೆ ಅನುವಾದ ಬೇಕೆ? ದೆಂಗ್‌ಬೇಜ್‌ಗಳು, ಅಂದರೆ ದನಿಯಲ್ಲಿ ಕಥೆ ಹೇಳುವ ಗಾಯಕರು, ಹಾಡಿದ ಕ್ಯಾಸೆಟ್‌ಗಳನ್ನು ಅವರ ಮನೆಯಲ್ಲಿ ಹಿಟ್ಟಿನ ಡಬ್ಬಿಯೊಳಗೆ ಹುಗಿದಿಡುತ್ತಿದ್ದರಂತೆ. 1983ರಲ್ಲಿ ಟರ್ಕಿ ತಂದ 2932ನೇ ಕಾನೂನು ಕುರ್ದಿಶ್‌ನಲ್ಲಿ ಏನನ್ನೂ ಪ್ರಕಟಿಸದಂತೆ ಮಾಡಿತ್ತು. ಅದನ್ನು ರದ್ದು ಮಾಡಿದ್ದು 1991ರಲ್ಲಿ. 1980ರ ಸೇನಾ ದಂಗೆಯ ನಂತರ ದಿಯಾರ್‌ಬಕೀರ್‌ನ ಸೇನಾ ಸೆರೆಮನೆಯಲ್ಲಿ ‘ಟರ್ಕಿಶ್ ಮಾತಾಡು, ಹೆಚ್ಚು ಮಾತಾಡು’ ಎಂದು ಬರೆದಿತ್ತು. ಮಗನನ್ನು ನೋಡಲು ಬಂದ, ಟರ್ಕಿಶ್ ಬಾರದ ತಾಯಂದಿರು ಕಂಬಿಯ ಈಚೆ ಸುಮ್ಮನೆ ನಿಂತು, ನೋಡಿ ಹೋಗುತ್ತಿದ್ದರು. ದಾಯೇಯ ಅತ್ತೆ ಹಾಗೆ ನಿಂತು ಬಂದವರಲ್ಲಿ ಒಬ್ಬರು.

ಇಲ್ಲಿಯವರೆಗೆ ನಮ್ಮ ಸಬ್‌ಟೈಟಲ್‌ಗಳೆಲ್ಲ ಬಿಳಿ ಬಣ್ಣದಲ್ಲಿದ್ದವು. ಒಂದು ಸಂಜೆ ಮೊದಲ 20 ನಿಮಿಷಗಳನ್ನು ಕೂಡಿಸಿ, ನನ್ನ ಜರ್ಮನ್ ಸಹಪಾಠಿಯೊಬ್ಬಳಿಗೆ ತೋರಿಸಿದೆವು. ನೋಡಿ ಕಣ್ಣೊರೆಸಿಕೊಂಡಳು. ಆಮೇಲೆ, “ಅಪ್ಪ ಮಗಳ ಜೊತೆ ಮಾತಾಡುವಾಗ ಅಮ್ಮ ಏಕೆ ಎದ್ದು ಅಡುಗೆಮನೆಗೆ ಹೋಗುತ್ತಾರೆ?” ಎಂದು ಕೇಳಿದಳು. ನಾವು ಮುಖ ಮುಖ ನೋಡಿಕೊಂಡೆವು. ಆ ದೃಶ್ಯದಲ್ಲಿ ಅಕ್ಕನ ತಂದೆ ಇದ್ದಕ್ಕಿದ್ದಂತೆ ಟರ್ಕಿಶ್‌ಗೆ ಹೊರಳುತ್ತಾರೆ. ಕಾಸು, ಕಾಗದಪತ್ರ, ವಕೀಲರ ಮಾತು ಬಂದರೆ ಅವರದು ಟರ್ಕಿಶ್. ದಾಯೇಗೆ ಅದು ಬಾರದು, ಅದಕ್ಕೇ ಏಳುತ್ತಾರೆ. ಆ ಹುಡುಗಿಗೆ ಎರಡೂ ಒಂದೇ ಬಿಳಿ ಅಕ್ಷರ. ಚಿತ್ರದ ಜೀವವೇ ಇರುವ ಆ ಹೊರಳನ್ನು ನಾನು, ಅದೂ ಎರಡು ಭಾಷೆಗಳ ನಡುವೆ ಬೆಳೆದವಳು, ನನ್ನ ಕೈಯಾರೆ ಅಳಿಸಿದ್ದೆ. ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ನಮ್ಮಪ್ಪ ಬ್ಯಾಂಕಿನವರ ಎದುರು ಕನ್ನಡಕ್ಕೆ ಹೊರಳುವಾಗ ನಮ್ಮ ಯಾಡಿ, ಅಂದರೆ ಅಮ್ಮ, ಸೆರಗು ಸರಿಪಡಿಸಿಕೊಂಡು ಎರಡು ಹೆಜ್ಜೆ ಹಿಂದೆ ಸರಿಯುತ್ತಿದ್ದುದು ಕಣ್ಣಿಗೆ ಕಟ್ಟಿತ್ತು.

ಮರುದಿನ ಬಣ್ಣಗಳನ್ನು ಹಂಚಿದೆವು. ಕುರ್ದಿಶ್‌ಗೆ ಬಿಳಿ. ಟರ್ಕಿಶ್‌ಗೆ ಹಳದಿ. ಜರ್ಮನ್‌ಗೆ ತಿಳಿನೀಲಿ. 1,340 ಸಾಲುಗಳನ್ನು ಒಂದೊಂದಾಗಿ ಕೇಳಿ ಬಣ್ಣ ಹಾಕಲು ಎರಡೂವರೆ ತಿಂಗಳು ಬೇಕಾಯಿತು. ಒಂದೇ ವಾಕ್ಯದಲ್ಲಿ ಮೂರು ಭಾಷೆ ಬೆರೆಸುವ ಅಕ್ಕನ ತಂಗಿಯ ಮಾತುಗಳಿಗಂತೂ ಪದಪದಕ್ಕೂ ಬೇರೆ ಗುರುತು ಕೊಡಬೇಕಾಯಿತು.

ಆಗ ಅಕ್ಕ ತಮ್ಮ ತಾಯಿ ಆಶ್ರಯ ಕೇಳಿದ ಕಥೆ ಹೇಳಿದರು. ಜರ್ಮನಿಗೆ ಬಂದ ಮೊದಲ ಚಳಿಗಾಲದಲ್ಲಿ ಅಧಿಕಾರಿಯೊಬ್ಬರ ಮುಂದೆ ದಾಯೇಯನ್ನು ಕೂರಿಸಿದರು. ಟರ್ಕಿಯ ಪಾಸ್‌ಪೋರ್ಟ್ ಇದ್ದುದರಿಂದ ಟರ್ಕಿಶ್ ದುಭಾಷಿಯನ್ನು ಕರೆಸಿದ್ದರು. ಊರು ಯಾವುದು, ಯಾರು ಓಡಿಸಿದರು, ಯಾವಾಗ ಎಂಬ ಪ್ರಶ್ನೆಗಳೆಲ್ಲ ಟರ್ಕಿಶ್‌ನಲ್ಲಿ. ದಾಯೇಗೆ ಗೊತ್ತಿದ್ದದ್ದು ‘ಎವೆತ್’, ಹೌದು, ಎಂಬ ಒಂದು ಪದ. ಎಲ್ಲದಕ್ಕೂ ಎವೆತ್ ಎಂದರು. ತಾವಾಗಿಯೇ ಊರು ಬಿಟ್ಟಿರಾ ಎಂಬುದಕ್ಕೂ. ಊರಿನ ಹೆಸರನ್ನು ಕೂಡ ಕಾಗದದಲ್ಲಿ ಬರೆದದ್ದು ಸರ್ಕಾರ ಇಟ್ಟ ಹೊಸ ಹೆಸರು. ಟರ್ಕಿಯಲ್ಲಿ 12,000ಕ್ಕೂ ಹೆಚ್ಚು ಹಳ್ಳಿಗಳ ಹಳೆಯ ಹೆಸರುಗಳನ್ನು ಹೀಗೆ ಬದಲಿಸಿದ್ದಾರೆ. ಅರ್ಜಿ ತಿರಸ್ಕೃತವಾಗಿ, ಮೇಲ್ಮನವಿಯಲ್ಲಿ ಗೆಲ್ಲಲು ಐದು ವರ್ಷ ಹಿಡಿಯಿತು. ಅಕ್ಕ ದುಭಾಷಿಯಾದದ್ದು ಅದರಿಂದಾಗಿ. ಸಿನಿಮಾಕ್ಕೆ ಇಳಿದದ್ದೂ ಅದರಿಂದಾಗಿಯೇ ಎಂದು ನನ್ನ ನಂಬಿಕೆ.

ಚಿತ್ರದ ಎರಡನೆಯ ಭಾಗ ದಿಯಾರ್‌ಬಕೀರ್‌ನಲ್ಲಿ ನಡೆಯುತ್ತದೆ. ಕಪ್ಪು ಬಸಾಲ್ಟ್ ಕಲ್ಲಿನ ಆ ಕೋಟೆ ಯುನೆಸ್ಕೊ ಪಟ್ಟಿಗೆ ಸೇರಿದ್ದು 2015ರಲ್ಲಿ. ಅದೇ ವರ್ಷದ ಕೊನೆಗೆ ಕೋಟೆಯೊಳಗಿನ ಸುರ್ ಪ್ರದೇಶದಲ್ಲಿ ಕರ್ಫ್ಯೂ ಬಿತ್ತು, ಕಾಳಗ ನಡೆಯಿತು, ಓಣಿಗೆ ಓಣಿಯೇ ನೆಲಸಮವಾಯಿತು. ಅಕ್ಕ ಪ್ರವಾಸಿಯ ಹಾಗೆ ಕೊರಳಿಗೆ ಕ್ಯಾಮೆರಾ ನೇತುಹಾಕಿಕೊಂಡು ಒಬ್ಬರೇ ಚಿತ್ರೀಕರಿಸಿದರು. ಹೆದರಿಕೆಗೆ ಕಾರಣವಿತ್ತು. 2015ರ ಇಸ್ತಾಂಬುಲ್ ಚಿತ್ರೋತ್ಸವದಲ್ಲಿ ಕುರ್ದ್ ಗೆರಿಲ್ಲಾಗಳ ಕುರಿತ ಒಂದು ಸಾಕ್ಷ್ಯಚಿತ್ರದ ಪ್ರದರ್ಶನವನ್ನು ನೋಂದಣಿ ಪ್ರಮಾಣಪತ್ರವಿಲ್ಲವೆಂದು ನಿಲ್ಲಿಸಿದರು. ಅದರ ಇಬ್ಬರು ನಿರ್ದೇಶಕರಿಗೆ 2019ರಲ್ಲಿ ತಲಾ ನಾಲ್ಕೂವರೆ ವರ್ಷದ ಶಿಕ್ಷೆಯಾಯಿತು. ಅದಕ್ಕೂ ಹಿಂದೆ, ಯಿಲ್ಮಾಜ್ ಗುನೆಯ್ ಸೆರೆಮನೆಯಿಂದಲೇ ಬರೆದು, ಶೆರಿಫ್ ಗೊರೆನ್ ನಿರ್ದೇಶಿಸಿದ ‘ಯೋಲ್’ 1982ರಲ್ಲಿ ಕಾನ್‌ನ ಚಿತ್ರೋತ್ಸವದ ಪರಮೋಚ್ಚ ಪ್ರಶಸ್ತಿ ಹಂಚಿಕೊಂಡರೂ ಟರ್ಕಿಯಲ್ಲಿ 1999ರವರೆಗೆ ಪರದೆ ಕಾಣಲಿಲ್ಲ. ಅದರಲ್ಲಿ ಒಂದು ಕಡೆ ಪರದೆಯ ಮೇಲೆ ‘ಕುರ್ದಿಸ್ತಾನ್’ ಎಂಬ ಒಂದು ಪದ ಮೂಡುತ್ತದೆ. ಪರದೆಯ ಮೇಲಿನ ಒಂದು ಪದಕ್ಕೆ ಎಷ್ಟು ಭಾರವಿರಬಲ್ಲದು ಎಂದು ಅಕ್ಕ ನನಗೆ ತೋರಿಸಿದ್ದು ಆ ಚಿತ್ರದ ಮೂಲಕ.

ದಿಯಾರ್‌ಬಕೀರ್‌ನ ಒಂದು ಬಡ ಬಡಾವಣೆಯಲ್ಲಿ ಅಕ್ಕ ಡೋಮ್ ಸಮುದಾಯದ ಸಂಗೀತಗಾರರ ಜೊತೆ ಒಂದು ವಾರ ಕಳೆದಿದ್ದರು. ಮದುವೆಗಳಲ್ಲಿ ಜುರ್ನಾ ಊದುವವರು, ಡೋಲು ಬಾರಿಸುವವರು. ಇವರಿಲ್ಲದೆ ಕುರ್ದರ ಮದುವೆ ಸಾಗುತ್ತಿರಲಿಲ್ಲ. ಆದರೆ ಇವರಿಗೆ ಹೆಣ್ಣು ಕೊಡುವುದಿಲ್ಲ, ಮನೆ ಬಾಡಿಗೆಗೆ ಕೊಡಲೂ ಹಿಂದೆಮುಂದೆ ನೋಡುತ್ತಾರೆ. ನೂರಾರು ವರ್ಷಗಳ ಹಿಂದೆ ಭಾರತದ ಕಡೆಯಿಂದ ಹೋದವರು ಇವರು. ಮೂಲ ಭಾಷೆ ಡೋಮರಿ ನಮ್ಮ ಉತ್ತರದ ಭಾಷೆಗಳ ನೆಂಟ. ಈಗ ಅಲ್ಲಿನ ಎಳೆಯರು ಕುರ್ದಿಶ್ ಆಡುತ್ತಾರೆ, ಟರ್ಕಿಶ್ ಆಡುತ್ತಾರೆ, ಡೋಮರಿ ಮುದುಕರ ನಾಲಿಗೆಯಲ್ಲಿ ಅಷ್ಟಿಷ್ಟು ಉಳಿದಿದೆ.

ಹೆಡ್‌ಫೋನ್ ಹಾಕಿಕೊಂಡು ಆ ಫುಟೇಜ್ ಕೇಳುತ್ತಿದ್ದೆ. ಅಜ್ಜನೊಬ್ಬ ಕುರ್ದಿಶ್‌ನಲ್ಲಿ ಮಾತಾಡುತ್ತ, ನಿಮ್ಮ ಹಿರಿಯರ ಮಾತು ಏನಾದರೂ ನೆನಪಿದೆಯೇ ಎಂದು ಅಕ್ಕ ಕೇಳಿದಾಗ, ಎದುರಿಗಿದ್ದ ಲೋಟ ಎತ್ತಿ ತೋರಿಸಿ “ಪಾನಿ” ಎಂದ. ನಾನು ನಿಲ್ಲಿಸಿ, ಹಿಂದೆ ಹೋಗಿ, ಮತ್ತೆ ಕೇಳಿದೆ. ಪಾನಿ. ನಮ್ಮ ತಾಂಡಾದಲ್ಲಿ ಕೊಡ ಹಿಡಿದು ಹೊರಟ ಯಾಡಿಯನ್ನು ಎಲ್ಲಿಗೆ ಎಂದು ಕೇಳಿದರೆ ಬರುವ ಉತ್ತರದಲ್ಲಿರುವ ಪದ. ಮೈ ಜುಮ್ಮೆಂದಿತು. ಅಕ್ಕನಿಗೆ ಹೇಳಿದಾಗ ಅವರು ಏನೂ ಮಾತಾಡದೆ ಚಹಾ ಮಾಡಿ ತಂದರು. ಆ ಒಂದು ಪದಕ್ಕೆ ನಾವು ನಾಲ್ಕನೆಯ ಬಣ್ಣ ಕೊಟ್ಟೆವು, ಹಸಿರು. 88 ನಿಮಿಷದ ಚಿತ್ರದಲ್ಲಿ ಹಸಿರು ಕಾಣುವುದು ಎರಡು ಸೆಕೆಂಡು ಮಾತ್ರ.

ಕಠಿಣವಾದ ದಿನ ಅದರ ನಂತರ ಬಂತು. ಇದೇ ಫುಟೇಜನ್ನು ಲ್ಯಾಪ್‌ಟಾಪ್‌ನಲ್ಲಿ ನೋಡುತ್ತಿದ್ದ ದಾಯೇ, ಆ ಅಜ್ಜನನ್ನು ಕಂಡು “ಮಿರ್ತಿಬ್” ಎಂದರು. ತಾತ್ಸಾರದಿಂದ, ಅಷ್ಟೇ ಸಹಜವಾಗಿ. ಅಕ್ಕನ ಕ್ಯಾಮೆರಾ ಚಾಲೂ ಇತ್ತು. ಅರಬ್ಬಿಯಲ್ಲಿ ಸಂಗೀತಗಾರ ಎಂಬರ್ಥದ ಪದವೇ ಇದರ ಮೂಲ. ಕುರ್ದರ ಬಾಯಲ್ಲಿ ಅದು ಬೈಗುಳವಾಗಿದೆ. ಅಕ್ಕ ಮೊದಲು ‘ಸಂಗೀತಗಾರ’ ಎಂದೇ ಅನುವಾದಿಸಿಟ್ಟರು. ನಿಘಂಟಿನ ಪ್ರಕಾರ ತಪ್ಪಿಲ್ಲ. ನನಗೆ ಒಪ್ಪಿಗೆಯಾಗಲಿಲ್ಲ. ನಮ್ಮ ಜನರನ್ನು ಯಾವ ಯಾವ ಪದಗಳಿಂದ ಕರೆಯುತ್ತಾರೆ, ಪದ ಒಂದೇ ಆದರೂ ದನಿ ಹೇಗೆ ಬದಲಾಗುತ್ತದೆ ಎಂಬುದು ನನಗೆ ಬಾಲ್ಯದಿಂದ ಗೊತ್ತು. “ಅಕ್ಕ, ಇದು ಬೈಗುಳ. ಬೈಗುಳವನ್ನೇ ಬರೆಯಬೇಕು” ಎಂದೆ. “ಅವಳು ನನ್ನ ತಾಯಿ” ಎಂದರು. ಮೂರು ವಾರ ನಾವು ಆ ದೃಶ್ಯವನ್ನು ಮುಟ್ಟಲಿಲ್ಲ.

ಕೊನೆಗೆ ಅಕ್ಕ ದಾಯೇಯನ್ನೇ ಕೇಳಿದರು. ಆ ಅಜ್ಜ ಊರು ಬಿಟ್ಟದ್ದು ಯಾವಾಗ, ಯಾವ ಭಾಷೆ ಕಳೆದುಕೊಂಡ ಎಂದು ಹೇಳಿದರು. ದಾಯೇ ಬಹಳ ಹೊತ್ತು ಸುಮ್ಮನಿದ್ದು, “ನನ್ನ ಮದುವೆಯಲ್ಲಿ ಜುರ್ನಾ ಊದಿದ್ದು ಅವರೇ. ಅವರಿಗೆ ಊಟವನ್ನು ಬಾಗಿಲ ಹೊರಗೆ ಕೊಟ್ಟೆವು” ಎಂದರು. ಅದೂ ಚಿತ್ರದಲ್ಲಿದೆ. ಬೈಗುಳವೂ ಇದೆ, ಬಿಳಿ ಅಕ್ಷರದಲ್ಲಿ. ಅದು ಕುರ್ದಿಶ್‌ನಲ್ಲಿ ಆಡಿದ ಮಾತು, ಬಿಳಿಯೇ ಆಗಬೇಕು. ನನ್ನ ಮಟ್ಟಿಗೆ ಇಡೀ ಚಿತ್ರದಲ್ಲಿ ಅಕ್ಕ ಮಾಡಿದ ಅತಿ ದೊಡ್ಡ ಕೆಲಸ ಅದು. ತನ್ನ ಜನದ ನೋವನ್ನು ತೋರಿಸುವವರು ಅನೇಕರಿದ್ದಾರೆ. ತನ್ನ ಜನ ಕೊಟ್ಟ ನೋವನ್ನೂ ಅದೇ ಪರದೆಯ ಮೇಲಿಡಲು ಎದೆ ಗಟ್ಟಿ ಬೇಕು.

ಚಿತ್ರೋತ್ಸವಗಳ ಅರ್ಜಿಗಳ ಬಗ್ಗೆ ಹೆಚ್ಚು ಬರೆಯುವುದಿಲ್ಲ. ‘ಭಾಷೆ’ ಎಂಬಲ್ಲಿ ಒಂದನ್ನೇ ಆರಿಸಿ ಎನ್ನುತ್ತಿದ್ದವು ಕೆಲವು. ‘ದೇಶ’ ಎಂಬಲ್ಲಿ ಜರ್ಮನಿ ಎಂದು ತುಂಬಿ ಕಳಿಸಿದೆವು. 11 ಕಡೆ ಕಳಿಸಿದ್ದರಲ್ಲಿ 9 ಕಡೆಯಿಂದ ಇಲ್ಲ ಎಂದು ಬಂತು.

ಮೊದಲ ಪ್ರದರ್ಶನ ಆದದ್ದು ಕಲೋನ್‌ನ ಕುರ್ದರ ಸಭಾಂಗಣವೊಂದರಲ್ಲಿ. ಪ್ಲಾಸ್ಟಿಕ್ ಕುರ್ಚಿಗಳು, ಹಿಂದೆ ಕುದಿಯುವ ಚಹಾದ ಹಂಡೆ, ಓಡಾಡುವ ಮಕ್ಕಳು. ದಾಯೇ ಮುಂದಿನ ಸಾಲಿನಲ್ಲಿ, ನನ್ನ ಕೈ ಹಿಡಿದುಕೊಂಡು ಕೂತಿದ್ದರು. ಓದಲು ಬಾರದ ಅವರ ಕಣ್ಣು ಚಿತ್ರದುದ್ದಕ್ಕೂ ಪರದೆಯ ಕೆಳಭಾಗದ ಮೇಲೆಯೇ ಇತ್ತು. ಬಿಳಿ ಬಂದಾಗ ನನ್ನ ಕೈಯನ್ನು ಮೆಲ್ಲನೆ ಒತ್ತುತ್ತಿದ್ದರು. ಹಸಿರು ಪದ ಮೂಡಿದಾಗ ತಿರುಗಿ ನನ್ನ ಮುಖ ನೋಡಿದರು.

ಮುಗಿದ ಮೇಲೆ ಜನ ಸುತ್ತುವರಿದಿದ್ದಾಗ ನನ್ನನ್ನು ಪಕ್ಕಕ್ಕೆ ಕರೆದರು. ಅಕ್ಕ ಅನುವಾದಿಸಿದರು.

“ಕೆಚಾ ಮಿನ್, ಆಶ್ರಯ ಕೇಳಿದ ಕಥೆ ಹೇಳುವಾಗ ನಾನು ‘ಎವೆತ್’ ಎನ್ನುತ್ತೇನೆ. ಕೆಳಗೆ ಬಿಳಿ ಬಂತು. ಅದು ನನ್ನ ಮಾತಲ್ಲ.”

ನಿಜ. ಇಡೀ ವಾಕ್ಯ ಕುರ್ದಿಶ್ ಎಂದು ಒಂದೇ ಬಣ್ಣ ಹಾಕಿಬಿಟ್ಟಿದ್ದೆ. 14 ತಿಂಗಳಲ್ಲಿ ನಾವಿಬ್ಬರೂ ಗಮನಿಸಿರಲಿಲ್ಲ. ಅಕ್ಷರಗಳು ಚಿತ್ರದೊಳಗೇ ಅಚ್ಚಾಗಿದ್ದುದರಿಂದ ಒಂದು ಪದ ತಿದ್ದಲು ಇಡೀ ಚಿತ್ರವನ್ನು ಮತ್ತೆ ಹೊರತೆಗೆಯಬೇಕಿತ್ತು. ಆ ರಾತ್ರಿಯೇ ಅಕ್ಕನ ಮನೆಗೆ ಹೋದೆವು. ದಾಯೇಯೂ ಮಲಗದೆ ನಮ್ಮ ಹಿಂದೆ ಕುರ್ಚಿ ಹಾಕಿಕೊಂಡು ಕೂತರು. 52ನೇ ನಿಮಿಷಕ್ಕೆ ಹೋಗಿ, ಸಾಲನ್ನು ತೆರೆದು, ‘ಹೌದು’ ಎಂಬ ಒಂದೇ ಪದವನ್ನು ಗುರುತಿಸಿ ಹಳದಿ ಒತ್ತಿದೆ. ದಾಯೇ ಬೆರಳು ಚಾಚಿ ಪರದೆಯ ಮೇಲೆ ಆ ಪದವನ್ನು ಮುಟ್ಟಿ ನೋಡಿದರು. ಆಮೇಲೆ, ಅದೇ ಕಥೆಯಲ್ಲಿ ಆ ಪದ ಇನ್ನೂ ಮೂರು ಸಲ ಬರುತ್ತದೆ ಎಂದರು.